ಹಿಮ್ಮಡಿಯಿಂದ ಹುಟ್ಟಿದ ಒಂದು ಮಾತು

ನಮ್ಮ ನೆರೆಯ ಗೃಹಸ್ಥರೊಬ್ಬರು ಈಚೆಗೆ ಪಾಠಶಾಲೆಯೊಂದರಿಂದ ಬಂದ ಕಾಗದವನ್ನು ಹಿಡಿದು ನಮ್ಮಲ್ಲಿಗೆ ಬಂದರು. ಒಂಬತ್ತು ವರ್ಷದ ಅವರ ಮಗನು 'ರಿಕ್ಯಾಲ್ಸಿಟ್ರಂಟ್' ಆಗಿರುವನೆಂದು ಅದರಲ್ಲಿ ಬರೆದಿದ್ದಿತು. ಇದೇನು ರೋಗದ ಹೆಸರೋ ಎಂದು ಹುಡುಗನ ತಾಯಿಯವರು ಗಾಬರಿಗೊಂಡಿದ್ದರಂತೆ. ರೋಗವಲ್ಲ, ಹೇಳಿದ ಮಾತಿಗೆ ಒಗ್ಗದೆ ತಿರುಗಿ ಬೀಳುವವನೆಂದು ಅರ್ಥ. ಆದರೆ ಈ ಗುಣವಾಚಕದ ಹುಟ್ಟನ್ನು ವಿಚಾರಿಸಿದರೆ, ಬರೆದವರು ತಾವೆಣಿಸಿದ್ದಕ್ಕಿಂತ ಹೆಚ್ಚನ್ನೇ ಹೇಳಿಬಿಟ್ಟಿರುವರೆಂದು ನಮಗೆ ತೋರುತ್ತದೆ.

ಲ್ಯಾಟಿನ್ ಭಾಷೆಯಲ್ಲಿ 'ಕಲ್ಕ್ಸ್' ಎಂದರೆ ಹಿಮ್ಮಡಿ, ಸಂಸ್ಕೃತದ 'ಪಾರ್ಷ್ಣಿ'. (ಕನ್ನಡದ 'ಕಾಲು' ಇದಕ್ಕೆ ನಂಟೆಂದು ಉತ್ಸಾಹಿಗಳು ಭ್ರಮಿಸಬಾರದು, ಅದು ಬರಿಯ ಧ್ವನಿಸಾಮ್ಯ.) ಅದರಿಂದ 'ಕಲ್ಕಿತ್ರಾರೆ', ಒದೆಯುವುದು. ಹಿಂದೆ 'ರೆ' ಎಂಬ ಉಪಸರ್ಗವು ಸೇರಲು, ತಿರುಗಿ ಒದೆಯುವುದು ಎಂದಾಯಿತು. ಕುದುರೆ ಹೇಸರಗತ್ತೆಗಳ ಸ್ವಭಾವವಿದು. ಫ್ರೆಂಚರ ಮೂಲಕ ಈ ಮಾತು ೧೯ನೆಯ ಶತಮಾನದ ಪೂರ್ವಾರ್ಧದಲ್ಲಿ ಇಂಗ್ಲಿಷಿಗೆ ಬಂದು ಮನುಷ್ಯರಿಗೆ ಅಂಟಿಕೊಂಡಿತು.

ರೋಮಿನ ಕವಿ ಹೊರೇಸನು ಕ್ರಿ. ಪೂ. ೩೦ರ ಸುಮಾರಿನಲ್ಲಿ ಹೊರತಂದ ವಿಡಂಬನಕಾವ್ಯದ ಎರಡನೆಯ ಭಾಗದಲ್ಲಿ ಈ ಕ್ರಿಯಾಪದವನ್ನು ಬಳಸಿದ್ದಾನೆ. ಸೀಸರನ ಪರಾಕ್ರಮವನ್ನು ಹಾಡು ಎಂದು ಅವನ ನ್ಯಾಯವಾದಿ ಮಿತ್ರನು ಬೋಧಿಸುತ್ತಾನೆ. ಹೊತ್ತು ನೋಡಿ ಹಾಡಬೇಕಯ್ಯಾ, ಆತನನ್ನು ಸವರಬಾರದ ರೀತಿಯಲ್ಲಿ ಸವರಿದರೆ ಕುದುರೆಯಂತೆ ತಿರುಗಿ ಒದೆದಾನು, ಎಂಬುದು ಕವಿಯ ಉತ್ತರದ ತಾತ್ಪರ್ಯ. ಇಲ್ಲಿ ಒದೆಯುವವನು ತುಂಟ ಹುಡುಗನಲ್ಲ. ಮುಂದೆ ಆಗಸ್ಟಸ್ ಎಂಬ ಬಿರುದನ್ನು ಪಡೆದ ರೋಮಿನ ಪ್ರಭು! ದೋಷವಾದರೋ ಸವರುವ ಕೈಯದು. ಹಾಲು ಕರೆಯುವಾಗ ಹಸು ಒದೆದರೆ, ತಿಳಿದ ಗೃಹಿಣಿಯು ಕೋಲನ್ನು ಹುಡುಕುವ ಮೊದಲು ಕೆಚ್ಚಲಿನಲ್ಲಿ ಗಾಯವಿದೆಯೇ ಎಂದು ನೋಡುವಳಷ್ಟೆ.

ಇನ್ನೊಂದು ಸ್ವಾರಸ್ಯವಿದೆ. ಸದ್ಗುಣಗಳನ್ನು ಮಕ್ಕಳ ಮನಸ್ಸಿನಲ್ಲಿ ನಾಟಿಸುವುದಕ್ಕೆ ಇಂಗ್ಲಿಷಿನಲ್ಲಿ 'ಇನ್‌ಕಲ್ಕೇಟ್' ಎನ್ನುತ್ತಾರೆ. ಉಪಾಧ್ಯಾಯರಿಗೆ ಬಲು ಪ್ರಿಯವಾದ ಮಾತು. ನಾವೂ ಬೇಕಾದಷ್ಟು ಬಳಸಿದ್ದೇವೆ. ಅದರ ಮೂಲವೂ ಅದೇ ಹಿಮ್ಮಡಿ. ಮಣ್ಣನ್ನು ಮೆಟ್ಟಿ ಗಟ್ಟಿಸುವಂತೆ ಒಳಕ್ಕೆ ತುಳಿಯುವುದೆಂದು ಅದರ ಮೊದಲ ಅರ್ಥ. ತುಳಿಯುವ ಗುರುವೂ ಒದೆಯುವ ಶಿಷ್ಯನೂ ಶಬ್ದಶಾಸ್ತ್ರದಲ್ಲಿ ದಾಯಾದಿಗಳು!

ಕನ್ನಡದಲ್ಲಿ ಇದಕ್ಕೆ 'ಮೊಂಡ' ಎಂದರೆ ಸಾಲದು. ಮೊಂಡು ಕತ್ತಿಯು ತಿರುಗಿ ಒದೆಯುವುದಿಲ್ಲ. 'ಹಟಮಾರಿ' ಎಂಬುದು ಹತ್ತಿರ. ಆದರೆ ಸಂಸ್ಕೃತದಲ್ಲಿ ಹಠವೆಂದರೆ ಬಲಾತ್ಕಾರ. ಮೇಲೆ ಬೀಳುವವನ ಕೃತ್ಯವನ್ನು ಹೇಳುವ ಶಬ್ದವು ಕನ್ನಡಕ್ಕೆ ಬಂದು, ಬಗ್ಗದವನ ತಲೆಯ ಮೇಲೆ ಕುಳಿತಿದೆ. ಇದು ನ್ಯಾಯವೆಂದು ನಮಗೆ ತೋರದು.

ಸಸ್ಯಶಾಸ್ತ್ರಜ್ಞರು ಈ ಗುಣವಾಚಕವನ್ನು ಬೀಜಗಳಿಗೂ ಅನ್ವಯಿಸಿದ್ದಾರೆ. ೧೯೭೩ರಲ್ಲಿ ರಾಬರ್ಟ್ಸ್ ಎಂಬ ವಿದ್ವಾಂಸರು ಬೀಜಗಳನ್ನು ಎರಡು ಬಗೆಯಾಗಿ ವಿಂಗಡಿಸಿದರು. ಭತ್ತ ರಾಗಿಗಳು ಒಣಗಿಸಿದಂತೆ ಒಣಗಿ, ಇಟ್ಟಲ್ಲಿ ಇದ್ದು, ಕಾಲ ಬಂದಾಗ ಮೊಳೆಯುವ ವಿಧೇಯ ಜಾತಿ. ಮಾವು ಹಲಸುಗಳ ಬೀಜಗಳು ಹಾಗಲ್ಲ, ಅವು 'ರಿಕ್ಯಾಲ್ಸಿಟ್ರಂಟ್'. ಒಣಗಿಸಿ ಕಣಜದಲ್ಲಿಟ್ಟರೆ ಸಾಯುತ್ತವೆ. ಹಣ್ಣಿನಿಂದ ತೆಗೆದ ಕೆಲವೇ ದಿನಗಳಲ್ಲಿ ಹಸಿಮಣ್ಣಿನಲ್ಲಿ ಊರಿದರೆ ತಪ್ಪದೆ ಮೊಳೆಯುತ್ತವೆ.