ಟಿವಿ ವೇದಿಕೆಯಿಂದ ಚಿತ್ರಸಂಗೀತಕ್ಕೆ: ಪೋಷಕರು ತಿಳಿದಿರಬೇಕಾದ ಸಂಗತಿಗಳು

ಬಸದಿಯ ಪೂಜೆ, ದಶಲಕ್ಷಣ ಪರ್ವಗಳಲ್ಲಿ ಜಿನಭಜನೆ ಹಾಡಿ ಮೈಕಿನ ಭಯ ಕಳೆದುಕೊಂಡ ಮಕ್ಕಳು ಟಿವಿ ಆಡಿಷನ್‌ಗಳಿಗೆ ಹೋಗುವುದು ಈಗ ಹೊಸದಲ್ಲ. ಅಲ್ಲಿಂದ ಮುಂದೆ ಸಿನಿಮಾ ಸಂಗೀತಕ್ಕೆ ದಾರಿ ಹೇಗೆ ಎಂಬುದು ಅನೇಕ ಕುಟುಂಬಗಳ ಪ್ರಶ್ನೆ.

ಒಂದು ಉದಾಹರಣೆ

ಹಾಸನ ಜಿಲ್ಲೆಯ ಚಂದನ್ ಶೆಟ್ಟಿ 2018ರ ಜನವರಿಯಲ್ಲಿ ಬಿಗ್ ಬಾಸ್ ಕನ್ನಡದ 5ನೇ ಆವೃತ್ತಿ ಗೆದ್ದರು. ನಂತರ ‘ಕನ್ನಡ ಕೋಗಿಲೆ’ ಕಾರ್ಯಕ್ರಮದ ತೀರ್ಪುಗಾರರಾದರು. 2021ರಲ್ಲಿ ತೆರೆಕಂಡ ‘ಪೊಗರು’ ಚಿತ್ರದ ಹಾಡುಗಳಿಗೆ ಸಂಗೀತ ನೀಡಿದರು. ಆದರೆ ಅವರ ಸಂಗೀತ ಶುರುವಾದದ್ದು ಟಿವಿಯಿಂದಲ್ಲ. 2012ರ ‘ಅಲೆಮಾರಿ’ ಚಿತ್ರದ ಹೊತ್ತಿಗೇ ಅವರು ಅರ್ಜುನ್ ಜನ್ಯ ಅವರ ಬಳಿ ಸಹಾಯಕರಾಗಿದ್ದರು. ಕೆಲಸ ಕಲಿತದ್ದು ಸ್ಟುಡಿಯೊದಲ್ಲಿ; ಮನೆಮನೆಗೆ ಪರಿಚಯಿಸಿದ್ದು ಟಿವಿ.

ಹಾಡು ಬೇರೆ, ಹಿನ್ನೆಲೆ ಸಂಗೀತ ಬೇರೆ

‘ಪೊಗರು’ ಚಿತ್ರಕ್ಕೆ ಹಿನ್ನೆಲೆ ಸಂಗೀತ ನೀಡಿದವರು ವಿ. ಹರಿಕೃಷ್ಣ. ಹಾಡಿನ ರಾಗ, ಸಾಹಿತ್ಯ ಸಾಮಾನ್ಯವಾಗಿ ಚಿತ್ರೀಕರಣಕ್ಕೆ ಮೊದಲೇ ಸಿದ್ಧವಾಗುತ್ತವೆ. ಹಿನ್ನೆಲೆ ಸಂಗೀತ ಸಂಕಲನ ಮುಗಿದ ಮೇಲೆ ಬರುತ್ತದೆ. ಮಾತು ಎಲ್ಲಿ ನಿಲ್ಲುತ್ತದೆ, ದೃಶ್ಯ ಎಷ್ಟು ಸೆಕೆಂಡ್ ಇದೆ ಎಂದು ನೋಡಿಕೊಂಡು ನುಡಿಸಬೇಕು. ಇದಕ್ಕೆ ಕಂಠವೊಂದೇ ಸಾಲದು. ಸ್ವರಜ್ಞಾನ, ಕೀಬೋರ್ಡ್, ಕಂಪ್ಯೂಟರ್‌ನಲ್ಲಿ ಸಂಗೀತ ಜೋಡಿಸುವ ಅಭ್ಯಾಸ ಬೇಕು.

ಸಹಿ ಹಾಕುವ ಮೊದಲು

18 ವರ್ಷ ತುಂಬದ ಮಕ್ಕಳ ಪರವಾಗಿ ಒಪ್ಪಂದಕ್ಕೆ ಸಹಿ ಹಾಕುವವರು ಹೆತ್ತವರು. ಎಷ್ಟು ವರ್ಷ ಬೇರೆ ವಾಹಿನಿಯಲ್ಲಿ ಹಾಡುವಂತಿಲ್ಲ, ಧ್ವನಿಮುದ್ರಣ ಯಾರ ಸ್ವತ್ತು, ಶಾಲೆಯ ದಿನಗಳಿಗೆ ಏನು ವ್ಯವಸ್ಥೆ ಎಂಬುದನ್ನು ಓದಿ ನೋಡಬೇಕು.

ಕೃತಿಸ್ವಾಮ್ಯ ಕಾಯ್ದೆಗೆ 2012ರಲ್ಲಿ ಆದ ತಿದ್ದುಪಡಿಯಂತೆ, ಸಿನಿಮಾ ಹಾಡಿನ ಸಾಹಿತ್ಯ ಬರೆದವರು ಮತ್ತು ಸಂಗೀತ ಸಂಯೋಜಿಸಿದವರು ತಮ್ಮ ರಾಯಧನದ ಹಕ್ಕನ್ನು ನಿರ್ಮಾಪಕರಿಗೆ ಬಿಟ್ಟುಕೊಡುವಂತಿಲ್ಲ. ಚಿತ್ರಮಂದಿರದಲ್ಲಿ ಸಿನಿಮಾದ ಜೊತೆ ಕೇಳಿಸುವುದನ್ನು ಬಿಟ್ಟು ಉಳಿದ ಬಳಕೆಗಳಿಗೆ ಇದು ಅನ್ವಯಿಸುತ್ತದೆ. ಹಾಡಿದವರಿಗೂ ವಾಣಿಜ್ಯ ಬಳಕೆಯಲ್ಲಿ ರಾಯಧನದ ಹಕ್ಕಿದೆ. ಸಾಹಿತಿ, ಸಂಯೋಜಕರ ಪರವಾಗಿ ಐಪಿಆರ್‌ಎಸ್, ಗಾಯಕರ ಪರವಾಗಿ ಇಸಾಮ್ರಾ (ಹಿಂದಿನ ಇಸ್ರಾ) ಸಂಸ್ಥೆಗಳು ಕೆಲಸ ಮಾಡುತ್ತವೆ.

ಭಜನೆಯಿಂದ ಬಂದವರು

ಅಲಿಗಢದ ರವೀಂದ್ರ ಜೈನ್ (1944–2015) ಹುಟ್ಟು ಅಂಧರು. ಬಾಲ್ಯದಲ್ಲಿ ಮಂದಿರಗಳಲ್ಲಿ ಭಜನೆ ಹಾಡುತ್ತಿದ್ದ ಅವರು 1976ರ ‘ಚಿತ್‌ಚೋರ್’ ಚಿತ್ರಕ್ಕೆ ಸಂಗೀತ ನೀಡಿದರು. 1987ರಲ್ಲಿ ‘ರಾಮಾಯಣ’ ಧಾರಾವಾಹಿಯ ಮೂಲಕ ದೇಶದ ಮನೆಮನೆ ತಲುಪಿದರು. ಅವರಿಗೆ ಸಿನಿಮಾ ಮೊದಲು, ಟಿವಿ ಆಮೇಲೆ.

ದೊಡ್ಡಬಳ್ಳಾಪುರ ತಾಲ್ಲೂಕಿನ ರಾಜಘಟ್ಟದಂತಹ ಊರಿನಿಂದ ಬೆಂಗಳೂರಿನ ಸ್ಟುಡಿಯೊಗಳಿಗೆ ಒಂದೇ ದಿನದಲ್ಲಿ ಹೋಗಿಬರಬಹುದು. ಆಡಿಷನ್‌ಗೆ ಮಗುವನ್ನು ಕರೆದೊಯ್ಯುವ ಮೊದಲು, ಹತ್ತಿರದ ಸಂಗೀತ ಗುರುಗಳ ಬಳಿ ಕಲಿಕೆ ಆರಂಭಿಸಿ, ಶೋ ಮುಗಿದ ಮೇಲೂ ಅದು ನಿಲ್ಲದಂತೆ ನೋಡಿಕೊಳ್ಳುವುದು ಒಳ್ಳೆಯದು.