ಎಣಿಕೆಗೆ ಸಿಕ್ಕದ ಸಾವುಗಳು

ಇಂದಿನ ಭಾರತದ ಎಲ್ಲೆಯೊಳಗಿನ ಪ್ರದೇಶಗಳ ಜನಗಣತಿಯ ಕೋಷ್ಟಕಗಳನ್ನು ಒಂದರ ಕೆಳಗೊಂದಿಟ್ಟು ನೋಡುತ್ತ ಹೋದರೆ, ಇಪ್ಪತ್ತನೆಯ ಶತಮಾನದುದ್ದಕ್ಕೂ ಏರುತ್ತಲೇ ಬಂದ ಜನಸಂಖ್ಯೆಯು ೧೯೧೧ರಿಂದ ೧೯೨೧ರವರೆಗಿನ ಒಂದೇ ಒಂದು ದಶಕದಲ್ಲಿ, ಏರುವುದಂತಿರಲಿ, ಇದ್ದಲ್ಲಿ ನಿಲ್ಲಲೂ ಆರದೆ ೨೫ ಕೋಟಿ ೨೧ ಲಕ್ಷದಿಂದ ೨೫ ಕೋಟಿ ೧೩ ಲಕ್ಷಕ್ಕೆ ಇಳಿದಿರುವುದು ಕಣ್ಣಿಗೆ ಬೀಳುತ್ತದೆ. ಆ ದಶಕದಲ್ಲಿ ಮೊದಲನೆಯ ಮಹಾಯುದ್ಧ ನಡೆಯಿತೆಂಬುದನ್ನು ನೆನೆದು ಓದುಗನು ತಲೆದೂಗಬಹುದು. ಆದರೆ ಆ ಯುದ್ಧದಲ್ಲಿ ಮಡಿದ ಭಾರತೀಯ ಸಿಪಾಯಿಗಳು ಮುಕ್ಕಾಲು ಲಕ್ಷದಷ್ಟು ಮಾತ್ರ. ಪ್ಲೇಗು, ಕಾಲರಾ, ಮಲೇರಿಯಗಳು ತಮ್ಮ ಪಾಲನ್ನು ಎಂದಿನಂತೆ ಕೊಂಡೊಯ್ದುದೂ ನಿಜ. ಆದರೂ ಆ ಇಳಿತಕ್ಕೆ ಪ್ರಧಾನ ಕಾರಣವಾದುದು ಇನ್‌ಫ್ಲುಯೆಂಜಾ ಎಂಬ, ಕೇಳಿದರೆ ಹೆಚ್ಚು ಭಯವನ್ನೇ ಹುಟ್ಟಿಸದ ಶೀತಜ್ವರ. ಅದು ೧೯೧೮ರ ಕೊನೆಯ ನಾಲ್ಕು ತಿಂಗಳಲ್ಲಿಯೇ ತನ್ನ ಕೆಲಸದ ಬಹುಭಾಗವನ್ನು ಮುಗಿಸಿತ್ತು. ಹಳ್ಳಿಯ ಜನನಮರಣಗಳನ್ನು ಬರೆದಿಡಬೇಕಾದವರೇ ಹಾಸಿಗೆ ಹಿಡಿದಿದ್ದ ಆ ದಿನಗಳಲ್ಲಿ ಸತ್ತವರನ್ನು ಎಣಿಸುವವರಿರಲಿಲ್ಲ. ಅರುವತ್ತು ಲಕ್ಷವೆಂದು ಮೊದಲು ಅಂದಾಜು ಮಾಡಿದ ಸರ್ಕಾರವು, ಮೂರು ವರ್ಷಗಳ ಬಳಿಕ ಬದುಕಿದ್ದವರನ್ನು ಎಣಿಸಿ ನೋಡಿದಾಗ, ಆ ಅಂಕೆಯನ್ನು ಇಮ್ಮಡಿಗೊಳಿಸಬೇಕಾಯಿತು. ಅನಂತರದ ವಿದ್ವಾಂಸರ ಲೆಕ್ಕಗಳು ೧ ಕೋಟಿ ೨೦ ಲಕ್ಷದಿಂದ ೧ ಕೋಟಿ ೮೦ ಲಕ್ಷದವರೆಗೆ ಹೋಗುತ್ತವೆ. ಇಡೀ ಲೋಕದಲ್ಲಿ ಸತ್ತವರು ಐದು ಕೋಟಿಯೆಂದು ಹೇಳುವುದುಂಟು. ಹಾಗಿದ್ದರೆ ಅವರಲ್ಲಿ ಹೆಚ್ಚುಕಡಮೆ ನಾಲ್ಕು ಜನರಿಗೊಬ್ಬರಾದರೂ ನಮ್ಮ ನೆಲದವರು.

ಈ ಜ್ವರವು ನಮ್ಮ ದೇಶದಲ್ಲಿ ಮೊದಲು ಕಾಣಿಸಿಕೊಂಡುದು ಮುಂಬಯಿಯ ಬಂದರಿನಲ್ಲಿ. ೧೯೧೮ರ ಮೇ ತಿಂಗಳ ಕೊನೆಯಲ್ಲಿ ಸೈನಿಕರನ್ನು ಹೊತ್ತ ಹಡಗೊಂದು ಅಲ್ಲಿಗೆ ಬಂದು ತಂಗಿತು. ಜೂನ್ ೧೦ರಂದು ಹಡಗುಕಟ್ಟೆಯಲ್ಲಿ ಕಾವಲಿಗಿದ್ದ ಏಳು ಮಂದಿ ಪೊಲೀಸ್ ಸಿಪಾಯಿಗಳು ಮಲೇರಿಯವಲ್ಲದ ಒಂದು ಜ್ವರದಿಂದ ಆಸ್ಪತ್ರೆ ಸೇರಿದರು. ಹಡಗಿನವರೇ ಈ ರೋಗವನ್ನು ತಂದರೆಂದು ನಗರದ ಆರೋಗ್ಯಾಧಿಕಾರಿ ಟರ್ನರ್ ಹೇಳಿದರೆ, ಮುಂಬಯಿಯಲ್ಲಿಯೇ ಅದು ಹಡಗಿನವರಿಗೆ ಅಂಟಿತೆಂದು ಸರ್ಕಾರದವರು ವಾದಿಸಿದರು. ಈ ವಾದ ವಿವಾದಗಳು ನಡೆಯುತ್ತಿರುವಂತೆಯೇ ಜ್ವರವು ಬಂದರಿನ ಕೂಲಿಗಳಿಂದ ಗಿರಣಿಯ ಕೆಲಸಗಾರರಿಗೆ, ಅವರಿಂದ ಅವರ ಚಾಳುಗಳಿಗೆ, ಅಲ್ಲಿಂದ ರೈಲನ್ನೇರಿ ಒಳನಾಡಿಗೆ ದಾಟಿತು. ಮೊದಲ ಸಲ ಅದು ಮೂರು ನಾಲ್ಕು ದಿನ ಮೈ ಕೈ ನೋಯಿಸಿ ಇಳಿದುಹೋಗುವ ಜ್ವರವಾಗಿತ್ತು. ಮುದುಕರನ್ನೂ ಹಸುಗೂಸುಗಳನ್ನೂ ಬಿಟ್ಟರೆ ಉಳಿದವರಿಗೆ ಅಷ್ಟೇನೂ ಅಪಾಯಕರವಾಗಿರಲಿಲ್ಲ. ಜುಲೈ ಕಳೆಯುವ ವೇಳೆಗೆ ಅದು ತಣ್ಣಗಾಯಿತೆಂದು ಎಲ್ಲರೂ ಭಾವಿಸಿದರು.

ಸೆಪ್ಟೆಂಬರಿನಲ್ಲಿ ಮರಳಿ ಬಂದ ಜ್ವರವು ಹೆಸರಿನಿಂದ ಅದೇ ಆದರೂ ಸ್ವಭಾವದಿಂದ ಬೇರೆಯಾಗಿತ್ತು. ಅಕ್ಟೋಬರ್ ೬ರ ಒಂದೇ ದಿನ ಮುಂಬಯಿ ನಗರದಲ್ಲಿ ೭೬೮ ಮಂದಿ ಸತ್ತರು. ಬೆಳಗ್ಗೆ ಗಟ್ಟಿಮುಟ್ಟಾಗಿದ್ದವನಿಗೆ ಸಂಜೆಯ ಹೊತ್ತಿಗೆ ಜ್ವರವೇರಿ, ಮೂಗಿನಿಂದ ರಕ್ತ ಸುರಿದು, ಶ್ವಾಸಕೋಶದಲ್ಲಿ ನೀರು ತುಂಬಿ, ಮುಖವೂ ತುಟಿಗಳೂ ನೀಲಿಗೆ ತಿರುಗಿ ಎರಡು ಮೂರು ದಿನಗಳಲ್ಲಿ ಪ್ರಾಣ ಹೋಗುತ್ತಿದ್ದುದು ಅಪೂರ್ವವೇನೂ ಆಗಿರಲಿಲ್ಲ. ಸಾಧಾರಣವಾಗಿ ಶೀತಜ್ವರವು ಬಾಲರನ್ನೂ ವೃದ್ಧರನ್ನೂ ಆರಿಸಿಕೊಳ್ಳುತ್ತದೆ. ಈ ಸಲ ಅದು ಇಪ್ಪತ್ತರಿಂದ ನಲವತ್ತು ವಯಸ್ಸಿನವರನ್ನು, ಎಂದರೆ ದುಡಿಯುವವರನ್ನೂ ಹೆರುವವರನ್ನೂ, ಹೆಚ್ಚಾಗಿ ಕೊಂದಿತು. ಜ್ವರದ ವಿಷಾಣುವು ಶ್ವಾಸನಾಳದ ಒಳಪದರವನ್ನು ಕೆಡಿಸಿದ ಮೇಲೆ, ಅಲ್ಲಿಗೆ ನುಗ್ಗಿದ ಬ್ಯಾಕ್ಟೀರಿಯಗಳಿಂದ ಉಂಟಾದ ನ್ಯುಮೋನಿಯವೇ ಬಹುಮಂದಿಯ ಸಾವಿಗೆ ಕಾರಣವೆಂಬುದು ಮುಂದೆ, ಕಾದಿಟ್ಟಿದ್ದ ಅಂಗಾಂಶಗಳ ಪರೀಕ್ಷೆಯಿಂದ ತಿಳಿದುಬಂತು. ಪೆನಿಸಿಲಿನ್ ಇನ್ನೂ ಕಂಡುಹಿಡಿಯದಿದ್ದ ಕಾಲವದು. ವೈದ್ಯನ ಕೈಯಲ್ಲಿದ್ದುದು ಕ್ವಿನೀನು, ಆಸ್ಪಿರಿನ್, ಮತ್ತೆ ಒಳ್ಳೆಯ ಮಾತು.

ಆ ವರ್ಷ ಮುಂಗಾರು ಕೈಕೊಟ್ಟಿತ್ತು. ಜೋಳ, ಸಜ್ಜೆ, ಭತ್ತಗಳು ಹೊಲದಲ್ಲಿಯೇ ಒಣಗಿದುವು. ಯುದ್ಧದ ದೆಸೆಯಿಂದ ಆಗಲೇ ಏರಿದ್ದ ಧಾನ್ಯದ ಬೆಲೆಯು ಬಡವರ ಕೈಗೆ ಎಟುಕದಂತಾಯಿತು. ಮೇವಿಲ್ಲದೆ ದನಗಳು ಸತ್ತುವು. ಕುಡಿಯುವ ನೀರಿಗಾಗಿ ಜನ ಅಲೆದರು. ದೇಶದ ವೈದ್ಯರಲ್ಲಿ ಅನೇಕರನ್ನು ಯುದ್ಧಭೂಮಿಗೆ ಕಳುಹಿಸಲಾಗಿತ್ತು. ಹೀಗೆ ಹಸಿದ ದೇಹ, ಬರಿದಾದ ಕಣಜ, ವೈದ್ಯನಿಲ್ಲದ ಊರು, ಇವುಗಳ ನಡುವೆ ಜ್ವರವು ಬಂದಿತು. ಆಗ ಮುಂಬಯಿ ಪ್ರಾಂತಕ್ಕೆ ಸೇರಿದ್ದ ನಮ್ಮ ಧಾರವಾಡ, ಬೆಳಗಾವಿ, ವಿಜಾಪುರ ಜಿಲ್ಲೆಗಳು ಬರವನ್ನೂ ಜ್ವರವನ್ನೂ ಒಟ್ಟಿಗೆ ಅನುಭವಿಸಿದುವು. ಆ ಪ್ರಾಂತವೊಂದರಲ್ಲಿಯೇ ಸತ್ತವರು ಹತ್ತು ಲಕ್ಷಕ್ಕೂ ಮಿಗಿಲು. ರೋಗವು ಪಶ್ಚಿಮದಿಂದ ಪೂರ್ವಕ್ಕೆ ಸಾಗಿದಂತೆಲ್ಲ ಅದರ ಉಗ್ರತೆ ಕಡಮೆಯಾಗುತ್ತ ಹೋಗಿ, ವರ್ಷದ ಕೊನೆಗೆ ಬಂಗಾಳವನ್ನು ಮುಟ್ಟುವ ಹೊತ್ತಿಗೆ ಅದು ಬಹಳಮಟ್ಟಿಗೆ ಸೌಮ್ಯವಾಗಿತ್ತು.

ಮುಂಬಯಿ ನಗರದ ಮರಣಪ್ರಮಾಣವನ್ನು ಜಾತಿಮತಗಳ ಪ್ರಕಾರ ವಿಂಗಡಿಸಿ ಬರೆದಿಟ್ಟ ಒಂದು ಪಟ್ಟಿಯಿದೆ. ಈ ವಿಷಯದಲ್ಲಿ ನಾನು ಓದಿದ ಸಾಮಗ್ರಿಯಲ್ಲಿ ಇದಕ್ಕಿಂತ ಹೆಚ್ಚು ಮನಸ್ಸನ್ನು ಕದಡಿದುದು ಮತ್ತೊಂದಿಲ್ಲ. ಅದರ ಪ್ರಕಾರ, ಈ ಜ್ವರದಿಂದ ಯುರೋಪಿಯನ್ನರಲ್ಲಿ ಸಾವಿರಕ್ಕೆ ೮.೩ ಮಂದಿ ಸತ್ತರು, ಪಾರಸಿಗಳಲ್ಲಿ ೯, ಮೇಲಿನ ಜಾತಿಗಳ ಹಿಂದೂಗಳಲ್ಲಿ ೧೮.೯, ಮುಸಲ್ಮಾನರಲ್ಲಿ ೧೯.೨, ಕೀಳುಜಾತಿಯವರೆಂದು ಆ ಪಟ್ಟಿಯು ಕರೆಯುವ ಹಿಂದೂಗಳಲ್ಲಿ ೬೧.೬. ಒಂದೇ ನಗರ, ಒಂದೇ ಗಾಳಿ, ಒಂದೇ ತಿಂಗಳು, ಒಂದೇ ವಿಷಾಣು. ಆದರೂ ಮಲಬಾರ್ ಹಿಲ್ಲಿನ ಬಂಗಲೆಗೂ ಗಿರಣಿಯ ಹಿಂದಿನ ಕೊಠಡಿಗೂ ನಡುವೆ ಸಾವು ಏಳು ಪಟ್ಟು ಹೆಚ್ಚುತ್ತದೆ. ಜ್ವರವು ಯಾರ ಜಾತಿಯನ್ನೂ ಕೇಳಿ ಮುಟ್ಟುವುದಿಲ್ಲ. ಆದರೆ ಒಂದು ಕೊಠಡಿಯಲ್ಲಿ ಹತ್ತು ಜನ ಮಲಗುವ ಮನೆಯಲ್ಲಿ, ಒಂದು ದಿನ ಕೆಲಸಕ್ಕೆ ಹೋಗದಿದ್ದರೆ ಮರುದಿನ ಒಲೆ ಹೊತ್ತದ ಮನೆಯಲ್ಲಿ, ಎಲ್ಲರೂ ಏಕಕಾಲದಲ್ಲಿ ಮಲಗಿದಾಗ ಒಂದು ಲೋಟ ನೀರು ಕೊಡುವವರಿಲ್ಲದ ಮನೆಯಲ್ಲಿ, ಅದೇ ಜ್ವರವು ಮೃತ್ಯುವಾಗುತ್ತದೆ. ಪ್ರಕೃತಿಯ ಕೋಪವೆಂದು ನಾವು ಸುಲಭವಾಗಿ ಹೇಳಿಬಿಡುವ ಈ ಮಹಾಮಾರಿಯಲ್ಲಿ ಪ್ರಕೃತಿಯ ಪಾಲು ಎಷ್ಟು, ಮನುಷ್ಯರು ಕಟ್ಟಿಕೊಂಡ ವ್ಯವಸ್ಥೆಯ ಪಾಲು ಎಷ್ಟು ಎಂಬುದನ್ನು ಆ ಐದಾರು ಅಂಕೆಗಳು ಯಾವ ಮುಚ್ಚುಮರೆಯೂ ಇಲ್ಲದೆ ತೋರಿಸುತ್ತವೆ.

ಹೆಂಗಸರ ವಿಷಯದಲ್ಲಿಯೂ ಹಾಗೆಯೇ. ಲೋಕದ ಅನೇಕ ಕಡೆಗಳಲ್ಲಿ ಗಂಡಸರೇ ಹೆಚ್ಚಾಗಿ ಸತ್ತಿದ್ದರೆ, ನಮ್ಮಲ್ಲಿ ಹೆಂಗಸರು ಹೆಚ್ಚಾಗಿ ಸತ್ತರು. ರೋಗಿಗಳ ಶುಶ್ರೂಷೆ ಅವರದು, ಎಲ್ಲರೂ ಉಂಡ ಮೇಲೆ ಉಳಿದುದನ್ನು ಉಣ್ಣುವುದೂ ಅವರದು. ಗರ್ಭಿಣಿಯರಿಗಂತೂ ಈ ಜ್ವರವು ಅತಿ ಘೋರವಾಗಿತ್ತು. ಮಹಾತ್ಮಾ ಗಾಂಧಿಯವರ ಹಿರಿಯ ಸೊಸೆ ಗುಲಾಬ್ ತೀರಿಕೊಂಡುದು ಈ ಜ್ವರದಲ್ಲಿಯೇ. ಆಕೆಯ ಎಳೆಯ ಮಗನೊಬ್ಬನೂ ಉಳಿಯಲಿಲ್ಲ.

ಮೈಸೂರು ಸಂಸ್ಥಾನದಲ್ಲಿ ಆಗ ನಾಲ್ವಡಿ ಕೃಷ್ಣರಾಜ ಒಡೆಯರ ಆಳ್ವಿಕೆ. ವಿಶ್ವೇಶ್ವರಯ್ಯನವರ ದಿವಾನಗಿರಿಯ ಕೊನೆಯ ತಿಂಗಳುಗಳು. ಆಸ್ಪತ್ರೆಗಳ ವಿಷಯದಲ್ಲಿ ಸಂಸ್ಥಾನವು ಅನೇಕ ಬ್ರಿಟಿಷ್ ಜಿಲ್ಲೆಗಳಿಗಿಂತ ಮುಂದಿದ್ದಿತು. ೧೮೯೮ರ ಪ್ಲೇಗಿನ ಪಾಠವೂ ಅದಕ್ಕಿತ್ತು. ಬೆಂಗಳೂರಿನಲ್ಲಿ ಮನೆಮನೆಗೆ ಔಷಧ ಮುಟ್ಟಿಸುವುದಕ್ಕೂ ಬಡವರಿಗೆ ಗಂಜಿ ಹಂಚುವುದಕ್ಕೂ ಏರ್ಪಾಡಾಯಿತು. ಸರ್ಕಾರದ ನೌಕರರ ಜೊತೆಗೆ ಸ್ವಯಂಸೇವಕರೂ ದುಡಿದರು. ಔಷಧದಿಂದ ಆದ ಪ್ರಯೋಜನ ಸ್ವಲ್ಪವೇ ಇದ್ದಿರಬೇಕು. ಗಂಜಿಯಿಂದ ಆದುದು ಸ್ವಲ್ಪವಲ್ಲವೆಂದು ನನ್ನ ದೃಢವಾದ ನಂಬಿಕೆ. ಮಲಗಿದ ಸಂಸಾರಕ್ಕೆ ಬಿಸಿಯಾದ ಆಹಾರವನ್ನೂ ನೀರನ್ನೂ ವಾರದ ಮಟ್ಟಿಗೆ ಒಬ್ಬರು ತಂದುಕೊಟ್ಟರೆ ಆ ಮನೆಯಲ್ಲಿ ಉಳಿಯುವ ಜೀವಗಳ ಸಂಖ್ಯೆ ಹೆಚ್ಚುತ್ತದೆ. ಆದರೂ ಸಂಸ್ಥಾನದಲ್ಲಿ ಒಂದೂವರೆ ಲಕ್ಷಕ್ಕೂ ಮೀರಿ ಜನ ಸತ್ತರು. ಜನಸಂಖ್ಯೆಯು ಆ ಹತ್ತು ವರ್ಷಗಳಲ್ಲಿ ಬೆಳೆದುದು ನೂರಕ್ಕೆ ಮೂರರಷ್ಟು ಮಾತ್ರ.

ಇಷ್ಟು ದೊಡ್ಡ ವಿಪತ್ತನ್ನು ನಾವು ಹೇಗೆ ಮರೆತೆವು? ಪ್ಲೇಗನ್ನು ನಮ್ಮ ಜನ ಮರೆಯಲಿಲ್ಲ. ಮನೆಯಲ್ಲಿ ಇಲಿ ಬಿದ್ದಿತೆಂದರೆ ಊರು ಬಿಟ್ಟು ಬಯಲಿನಲ್ಲಿ ಗುಡಿಸಲು ಹಾಕಿಕೊಂಡು ತಿಂಗಳುಗಟ್ಟಲೆ ಕಾಲ ಕಳೆದ ಕಥೆಗಳನ್ನು ಅಜ್ಜಿಯರು ಹೇಳುತ್ತಿದ್ದರು, ಪ್ಲೇಗಮ್ಮನಿಗೆ ಗುಡಿಗಳಾದುವು, ಅನಂತಮೂರ್ತಿಯವರ ‘ಸಂಸ್ಕಾರ’ದ ಅಗ್ರಹಾರದಲ್ಲಿ ಸಾಯುವ ಇಲಿಗಳನ್ನು ಓದಿದವರಾರೂ ಮರೆಯಲಾರರು. ಪ್ಲೇಗು ವರ್ಷ ವರ್ಷವೂ ಬಂದು, ಬರುವ ಮೊದಲು ಸುಳಿವು ಕೊಟ್ಟು, ಓಡಿಹೋಗಲು ಅವಕಾಶ ಕೊಡುತ್ತಿತ್ತು. ಇನ್‌ಫ್ಲುಯೆಂಜಾ ಒಂದು ಊರಿನಲ್ಲಿ ನಾಲ್ಕಾರು ವಾರವಿದ್ದು, ಕಥೆ ಕಟ್ಟುವುದಕ್ಕೂ ಪೂಜೆ ಒಪ್ಪಿಸುವುದಕ್ಕೂ ಪುರುಸೊತ್ತು ಕೊಡದೆ ಹೊರಟುಹೋಯಿತು. ಹಿಂದಿಯ ಮಹಾಕವಿ ನಿರಾಲಾ ಅವರು ಆಗ ಇಪ್ಪತ್ತರ ಹರೆಯದವರು. ಹೆಂಡತಿಯನ್ನೂ ಅಣ್ಣನನ್ನೂ ಮನೆಯ ಇನ್ನೂ ಕೆಲವರನ್ನೂ ಒಬ್ಬರ ಹಿಂದೊಬ್ಬರಂತೆ ಕಳೆದುಕೊಂಡ ಅವರು, ಹೆಣಗಳಿಂದ ತುಂಬಿದ ಗಂಗೆಯನ್ನು ದಲ್ಮವೂ ಎಂಬ ಊರಿನ ದಡದಲ್ಲಿ ಕಂಡುದನ್ನು ಎಷ್ಟೋ ವರ್ಷಗಳ ಮೇಲೆ ಗದ್ಯದಲ್ಲಿ ಬರೆದಿಟ್ಟರು. ಅಂಥ ಸಾಕ್ಷ್ಯಗಳು ಬಹಳ ವಿರಳ.

ರೋಗದ ಕಾರಣವನ್ನು ಹುಡುಕುವ ಕೆಲಸವು ದಾರಿತಪ್ಪಿಯೇ ಆರಂಭವಾಯಿತು. ಜರ್ಮನಿಯ ಪ್ಫೈಫರ್ ೧೮೯೨ರಲ್ಲಿ ಕಂಡ ಒಂದು ಬ್ಯಾಕ್ಟೀರಿಯವೇ ಇದಕ್ಕೆ ಮೂಲವೆಂದು ೧೯೧೮ರ ವೈದ್ಯರಲ್ಲಿ ಬಹುಮಂದಿ ನಂಬಿದ್ದರು. ೧೯೩೩ರಲ್ಲಿ ಲಂಡನ್ನಿನ ಸ್ಮಿತ್, ಆಂಡ್ರ್ಯೂಸ್ ಮತ್ತು ಲೇಡ್ಲಾ ಅವರು, ಬ್ಯಾಕ್ಟೀರಿಯಗಳು ದಾಟಲಾರದ ಸೂಕ್ಷ್ಮ ಶೋಧಕದಲ್ಲಿ ರೋಗಿಯ ಗಂಟಲ ದ್ರವವನ್ನು ಸೋಸಿ, ಫೆರೆಟ್ ಎಂಬ ಸಣ್ಣ ಪ್ರಾಣಿಯ ಮೂಗಿಗೆ ಹನಿಸಿ, ಅದಕ್ಕೂ ಜ್ವರ ಬರುವುದನ್ನು ತೋರಿಸಿದ ಮೇಲೆ ವಿಷಾಣುವು ಕೈಗೆ ಸಿಕ್ಕಿತು. ಇದರ ಆನುವಂಶಿಕ ದ್ರವ್ಯವು ಎಂಟು ಪ್ರತ್ಯೇಕ ತುಂಡುಗಳಲ್ಲಿರುತ್ತದೆ. ಕಾಡುಬಾತುಗಳ ವಿಷಾಣುವೂ ಮನುಷ್ಯನ ವಿಷಾಣುವೂ ಒಂದೇ ಜೀವಿಯ, ಉದಾಹರಣೆಗೆ ಹಂದಿಯ, ಒಂದೇ ಜೀವಕೋಶವನ್ನು ಹೊಕ್ಕರೆ ಆ ತುಂಡುಗಳು ಕಲೆತು ಹಿಂದೆಂದೂ ಇರದಿದ್ದ ವಿಷಾಣುವೊಂದು ಹುಟ್ಟಬಹುದು. ಅದರ ಹೊರಮೈಯ ಗುರುತು ನಮ್ಮ ದೇಹಕ್ಕೆ ಅಪರಿಚಿತವಾದುದರಿಂದ ಲೋಕವೆಲ್ಲವೂ ಅದಕ್ಕೆ ಏಕಕಾಲದಲ್ಲಿ ತುತ್ತಾಗುತ್ತದೆ. ಅಲಾಸ್ಕದ ಬ್ರೆವಿಗ್ ಮಿಷನ್ ಎಂಬ ಕುಗ್ರಾಮದಲ್ಲಿ ೧೯೧೮ರ ನವೆಂಬರಿನಲ್ಲಿ ಐದು ದಿನಗಳೊಳಗೆ ಎಂಬತ್ತು ಜನರಲ್ಲಿ ಎಪ್ಪತ್ತೆರಡು ಜನ ಸತ್ತಿದ್ದರು. ಹೆಪ್ಪುಗಟ್ಟಿದ ನೆಲದಲ್ಲಿ ಹೂತ ಆ ದೇಹಗಳಿಂದ ವಿಷಾಣುವನ್ನು ಪಡೆಯಲು ಯೋಹಾನ್ ಹುಲ್ಟಿನ್ ಎಂಬ ವಿಜ್ಞಾನಿ ೧೯೫೧ರಲ್ಲಿ, ತರುಣನಾಗಿದ್ದಾಗ, ಯತ್ನಿಸಿ ವಿಫಲನಾದನು. ೧೯೯೭ರಲ್ಲಿ, ಎಪ್ಪತ್ತು ದಾಟಿದ ಮೇಲೆ, ಊರವರ ಅಪ್ಪಣೆ ಪಡೆದು ಮತ್ತೊಮ್ಮೆ ಅಗೆದು ಶ್ವಾಸಕೋಶದ ತುಣುಕುಗಳನ್ನು ತಂದುಕೊಟ್ಟನು. ಅವುಗಳ ನೆರವಿನಿಂದ ವಿಜ್ಞಾನಿ ಟಾಬೆನ್‌ಬರ್ಗರನ ತಂಡವು ೨೦೦೫ರಲ್ಲಿ ಆ ವಿಷಾಣುವಿನ ಎಂಟು ತುಂಡುಗಳನ್ನೂ ಓದಿ ಮುಗಿಸಿತು.

೧೯೫೭ರಲ್ಲಿ ಹೊಸ ವಿಷಾಣುವೊಂದು ಚೀನದಲ್ಲಿ ಹುಟ್ಟಿ, ಹಾಂಗ್‌ಕಾಂಗ್, ಸಿಂಗಪುರಗಳ ಮೇಲೆ ಹಾಯ್ದು, ಮೇ ತಿಂಗಳಲ್ಲಿ ಹಡಗಿನಲ್ಲಿಯೇ ಮದರಾಸಿಗೆ ಬಂದಿಳಿಯಿತು. ಈ ಸಲ ನೀಲಗಿರಿಯ ಕೂನೂರಿನಲ್ಲಿದ್ದ ಪಾಶ್ಚರ್ ಸಂಸ್ಥೆಯಲ್ಲಿ ಇನ್‌ಫ್ಲುಯೆಂಜಾ ಕೇಂದ್ರವಿದ್ದಿತು. ಅಲ್ಲಿಯವರು ವಿಷಾಣುವನ್ನು ಬೇರ್ಪಡಿಸಿ ಗುರುತಿಸಿದರು. ದೇಶದಲ್ಲಿ ದಾಖಲಾದ ರೋಗಿಗಳು ೪೪ ಲಕ್ಷಕ್ಕೂ ಹೆಚ್ಚು. ದಾಖಲಾದ ಸಾವುಗಳು ಸುಮಾರು ೧,೧೦೦. ದಾಖಲೆಗೆ ಬಾರದವು ಎಷ್ಟೋ ಇದ್ದಿರಬೇಕಾದರೂ, ಇದಕ್ಕೂ ೧೯೧೮ಕ್ಕೂ ಹೋಲಿಕೆಯೇ ಇಲ್ಲ. ವಿಷಾಣುವೇ ಅಷ್ಟು ಕ್ರೂರವಾಗಿರಲಿಲ್ಲವೆಂಬುದು ದಿಟ. ಆದರೆ ಪೆನಿಸಿಲಿನ್ ಬಂದಿತ್ತು, ಬರಗಾಲವಿರಲಿಲ್ಲ ಎಂಬುದನ್ನೂ ಸೇರಿಸಿಯೇ ಲೆಕ್ಕ ಹಾಕಬೇಕು. ಅನಂತರ ೧೯೬೮ರಲ್ಲಿಯೂ ೨೦೦೯ರಲ್ಲಿಯೂ ಹೀಗೆಯೇ ಹೊಸ ವಿಷಾಣುಗಳು ಲೋಕವನ್ನು ಸುತ್ತಿದುವು.

ಮತ್ತೆ ೧೯೧೮ಕ್ಕೆ ಮರಳಿದರೆ, ಆಡಳಿತದ ಒಂದು ನಿರ್ಣಯವು ಎಷ್ಟು ಪ್ರಾಣಗಳನ್ನು ತೂಗಬಲ್ಲದೆಂಬುದಕ್ಕೆ ಶಾಂತಸಾಗರದ ಸಮೋವಾ ದ್ವೀಪಗಳ ವೃತ್ತಾಂತಕ್ಕಿಂತ ಸ್ಪಷ್ಟವಾದ ನಿದರ್ಶನ ಇರಲಾರದು. ಅಲ್ಲಿಯ ಪೂರ್ವಭಾಗ ಅಮೆರಿಕದ ವಶದಲ್ಲಿತ್ತು, ಪಶ್ಚಿಮಭಾಗ ನ್ಯೂಜಿಲೆಂಡಿನ ಸೈನಿಕ ಆಡಳಿತದಲ್ಲಿತ್ತು. ಎರಡು ಕಡೆಯವರೂ ಒಂದೇ ಭಾಷೆಯ, ಒಂದೇ ರಕ್ತದ ಜನ. ೧೯೧೮ರ ನವೆಂಬರ್ ೭ರಂದು ಆಕ್ಲೆಂಡಿನಿಂದ ಬಂದ ‘ಟಲೂನ್’ ಹಡಗು, ಒಳಗೆ ಜ್ವರದ ರೋಗಿಗಳಿದ್ದರೂ, ಪಶ್ಚಿಮದ ಅಪಿಯಾ ಬಂದರಿನಲ್ಲಿ ಯಾವ ತಡೆಯೂ ಇಲ್ಲದೆ ಜನರನ್ನು ಇಳಿಸಿತು. ಎರಡು ತಿಂಗಳೊಳಗಾಗಿ ಅಲ್ಲಿಯ ಐವರಲ್ಲಿ ಒಬ್ಬರಿಗಿಂತ ಹೆಚ್ಚು, ಸುಮಾರು ೮,೫೦೦ ಮಂದಿ, ಸತ್ತರು. ಪೂರ್ವದ ಗವರ್ನರ್ ಪಾಯರ್ ಸುದ್ದಿ ತಿಳಿದೊಡನೆಯೇ ಬಂದರನ್ನು ಕಟ್ಟುನಿಟ್ಟಾಗಿ ಮುಚ್ಚಿಸಿದನು; ದ್ವೀಪವಾಸಿಗಳೇ ದೋಣಿಗಳಲ್ಲಿ ತೀರವನ್ನು ಕಾದರು; ಅಲ್ಲಿ ಒಬ್ಬರೂ ಸಾಯಲಿಲ್ಲ. ವೈದ್ಯರನ್ನು ಕಳುಹಿಸಿಕೊಡುವೆನೆಂದು ಆತನು ಮಾಡಿದ ಸೂಚನೆಯನ್ನು ಪಶ್ಚಿಮದ ಆಡಳಿತಗಾರ ಲೋಗನ್ ಸ್ವೀಕರಿಸಲಿಲ್ಲ. ಈ ನೋವು ಸಮೋವಾ ಜನರ ಮನಸ್ಸಿನಲ್ಲಿ ಉಳಿದು, ಮುಂದೆ ಅವರು ನಡೆಸಿದ ಸ್ವಾತಂತ್ರ್ಯದ ಚಳವಳಿಗೆ ಇಂಬಾಯಿತು. ೨೦೦೨ರ ಜೂನ್ ತಿಂಗಳಲ್ಲಿ ನ್ಯೂಜಿಲೆಂಡಿನ ಪ್ರಧಾನಿ ಹೆಲೆನ್ ಕ್ಲಾರ್ಕ್ ಅಪಿಯಾ ನಗರಕ್ಕೆ ಹೋಗಿ, ಆ ಹಡಗನ್ನು ತಡೆಯದೆ ಬಿಟ್ಟುದಕ್ಕಾಗಿ, ತಮ್ಮ ದೇಶದ ಪರವಾಗಿ ಸಮೋವಾ ಜನರ ಕ್ಷಮೆಯನ್ನು ಕೇಳಿದರು. ಒಂದು ಕೋಟಿಗೂ ಮಿಗಿಲಾದ ನಮ್ಮ ಸಾವುಗಳ ವಿಷಯದಲ್ಲಿ ಅಂಥ ಮಾತನ್ನು ಯಾರೂ ಆಡಿಲ್ಲ. ಆಡಬೇಕೆಂದು ನಾವೂ ಕೇಳಿಲ್ಲ.