ಹಳೆಯ ಗೇಮ್ ಕಂಟ್ರೋಲರ್: ನಂಬಿಕೆಯೂ ವಸ್ತುಸ್ಥಿತಿಯೂ

ಹಳೆಯ ಯು.ಎಸ್.ಬಿ. ಗೇಮ್ ಕಂಟ್ರೋಲರಿನೊಡನೆ ಬಂದ ಡ್ರೈವರ್ ಸಿ.ಡಿ. ಕಳೆದುಹೋದರೆ ಆ ಉಪಕರಣದ ಆಯುಷ್ಯವೂ ತೀರಿತೆಂಬ ನಂಬಿಕೆ ಬಹುಜನರಲ್ಲಿ ಬೇರೂರಿದೆ. ಕೊಚ್ಚಿಯಲ್ಲಿರುವವರು ಹೊಸದನ್ನು ಅರಸುತ್ತ ಪೆಂಟಾ ಮೇನಕದ ಅಂಗಡಿಸಾಲಿಗೆ ಹೊರಡುವ ಮುನ್ನ ಇದನ್ನು ಪರಾಮರ್ಶಿಸುವುದು ಲೇಸು. ಕೀಬೋರ್ಡು, ಮೌಸುಗಳಂತೆ ಇಂತಹ ಕಂಟ್ರೋಲರುಗಳಲ್ಲಿ ಬಹುಪಾಲು ಎಚ್.ಐ.ಡಿ. ಎಂಬ ವರ್ಗಕ್ಕೆ ಸೇರಿದವು. ತನ್ನಲ್ಲಿ ಗುಂಡಿಗಳೆಷ್ಟು, ಅಕ್ಷಗಳೆಷ್ಟು ಎಂಬುದನ್ನು ಕಂಟ್ರೋಲರು ತಾನೇ ಗಣಕಕ್ಕೆ ನಿವೇದಿಸುತ್ತದೆ. ಅದನ್ನು ಗ್ರಹಿಸಬಲ್ಲ ಡ್ರೈವರು ವಿಂಡೋಸಿನೊಳಗೇ ಉಂಟು. ಸಿ.ಡಿ. ಪ್ರಾಯಶಃ ಬೇಕಾಗುತ್ತಿದ್ದುದು ಕಂಪನಕ್ಕಾಗಿ. ಅದರಲ್ಲಿನ ಡ್ರೈವರು 32 ಬಿಟ್ಟಿನದಾದರೆ ಇಂದಿನ 64 ಬಿಟ್ ವಿಂಡೋಸ್ ಅದನ್ನು ಒಪ್ಪದು.

ನೀಲಿ ಬಣ್ಣದ ಯು.ಎಸ್.ಬಿ. 3 ಪೋರ್ಟಿಗೆ ಹಳೆಯದು ಸಲ್ಲದೆಂಬುದೂ ಹುಸಿ, ಯು.ಎಸ್.ಬಿ. 2ರ ತಂತಿಗಳು ಅದರಲ್ಲಿ ಪ್ರತ್ಯೇಕವಾಗಿಯೇ ಇವೆ.

ಹಾಗಿದ್ದೂ ಆಟದೊಳಗೆ ಗುಂಡಿಯೊತ್ತಿದರೆ ಏನೂ ಜರುಗದಿರಲು ಕಾರಣವೇನು? ಹಳೆಯ ಕಂಟ್ರೋಲರುಗಳು ಡೈರೆಕ್ಟ್‌ಇನ್‌ಪುಟ್ ಎಂಬ ಪದ್ಧತಿಯವು. 2005ರಲ್ಲಿ ಎಕ್ಸ್‌ಬಾಕ್ಸ್ 360ರೊಡನೆ ಎಕ್ಸ್‌ಇನ್‌ಪುಟ್ ಎಂಬ ಹೊಸ ಪದ್ಧತಿ ಬಂದ ತರುವಾಯ, ಅದೊಂದನ್ನೇ ನಂಬಿ ರಚಿತವಾದ ಆಟಗಳು ಹಳೆಯದರತ್ತ ತಿರುಗಿಯೂ ನೋಡವು. ದೋಷ ಉಪಕರಣದ್ದಲ್ಲ, ಆಟದ ಉಪೇಕ್ಷೆಯದು. ವಿಂಡೋಸ್ ಕೀಲಿ ಮತ್ತು ಆರ್ ಒತ್ತಿ ಜಾಯ್ ಡಾಟ್ ಸಿಪಿಎಲ್ (joy.cpl) ಎಂದು ಬರೆದು ಆ ಫಲಕವನ್ನು ತೆರೆದು ಪರೀಕ್ಷಿಸಿರಿ: ಗುಂಡಿಯೊತ್ತಿದಾಗ ಅದರ ಸಂಖ್ಯೆಯಿರುವ ವೃತ್ತ ಬೆಳಗಿದರೆ ಕಂಟ್ರೋಲರು ಸುಸ್ಥಿತಿಯಲ್ಲಿದೆ. ಆಮೇಲೆ ಆಟಗಳ ಮಳಿಗೆಯಾದ ಸ್ಟೀಮಿನ ಸೆಟ್ಟಿಂಗಿನಲ್ಲಿ ಸ್ಟೀಮ್ ಇನ್‌ಪುಟ್ ಹಚ್ಚಿದರೆ, ಅದು ಹಳೆಯ ಸಂಕೇತಗಳನ್ನು ಹೊಸ ಪದ್ಧತಿಗೆ ಅಳವಡಿಸಿ ಆಟಕ್ಕೆ ಒಪ್ಪಿಸುತ್ತದೆ. ಲಾಜಿಟೆಕ್ ಎಫ್310ರಲ್ಲಾದರೋ ಈ ಶ್ರಮವೂ ಬೇಡ, ಬೆನ್ನಿನ ಪುಟ್ಟ ಸ್ವಿಚ್ಚನ್ನು 'ಡಿ'ಯಿಂದ 'ಎಕ್ಸ್'ಗೆ ಸರಿಸಿದರೆ ಮುಗಿಯಿತು.

ಲಿನಕ್ಸಿನಲ್ಲಿ ಕಂಟ್ರೋಲರು ನಡೆಯದೆಂಬ ಅಪವಾದವಂತೂ ಕೇರಳದಲ್ಲಿ ವಿಚಿತ್ರವಾಗಿ ಕೇಳಿಸುತ್ತದೆ. ತಿರುವನಂತಪುರದ ಪೂಜಪ್ಪುರದಲ್ಲಿ ಕಚೇರಿಯುಳ್ಳ ಕೈಟ್ ಸಂಸ್ಥೆ ರಾಜ್ಯದ ಸರ್ಕಾರಿ ಮತ್ತು ಅನುದಾನಿತ ಶಾಲೆಗಳಿಗೆ ಗ್ನೂ/ಲಿನಕ್ಸನ್ನೇ ಒದಗಿಸುತ್ತದೆ. ಕಾಸರಗೋಡಿನ ಕನ್ನಡ ಮಾಧ್ಯಮದ ಮಕ್ಕಳೂ ಅದರಲ್ಲಿಯೇ ಗಣಕ ಕಲಿಯುವವರು. ಲಿನಕ್ಸ್ ಕರ್ನಲಿನಲ್ಲಿ ಎಚ್.ಐ.ಡಿ. ಉಪಕರಣಗಳಿಗೂ ಎಕ್ಸ್‌ಬಾಕ್ಸ್ ಮಾದರಿಯವಕ್ಕೂ ಡ್ರೈವರುಗಳು ಅಡಕವಾಗಿದ್ದು, ಎರಡನ್ನೂ ಅದು ಏಕರೂಪದ ಮಾರ್ಗದಿಂದಲೇ ಆಟಕ್ಕೆ ತಲಪಿಸುತ್ತದೆ.

ಇನ್ನು ಕೈಬಿಟ್ಟರೂ ಆಟದ ಪಾತ್ರ ತಾನಾಗಿ ಓರೆಗೆ ಸರಿಯುವ ಉಪದ್ರವಕ್ಕೆ ಡ್ರೈವರನ್ನು ಪದೇಪದೇ ಬದಲಿಸುವುದು ವ್ಯರ್ಥ ವ್ಯಾಯಾಮ. ಸ್ಟಿಕ್ಕಿನ ಬುಡದ ಪೊಟೆನ್ಷಿಯೋಮೀಟರು ಸವೆದಿರುತ್ತದೆ, ಇಲ್ಲವೆ ಧೂಳು ಹಿಡಿದಿರುತ್ತದೆ. ಅಲ್ಪಸ್ವಲ್ಪವಾದರೆ ಮೇಲೆ ಹೇಳಿದ ವಿಂಡೋಸಿನ ಫಲಕದ ಕ್ಯಾಲಿಬ್ರೇಷನ್ನಿನಿಂದ ಸರಿಹೋದೀತು. ಪೂರಾ ಸವೆದುದಕ್ಕೆ ಬಿಡಿಭಾಗವನ್ನೇ ಬದಲಿಸಬೇಕು.